ನಾರ್‌ಕ್ರಾಸಿಗೆ ಆರು ತಾಸಿನ ದಾರಿ

ಸಿಲ್ವರ್ ಸ್ಪ್ರಿಂಗ್, ಮೇರಿಲ್ಯಾಂಡ್
ಸೆಪ್ಟೆಂಬರ್ 12, 1996

ಪ್ರೀತಿಯ ತಮ್ಮ ಇಮ್ಮಾನುವೇಲನಿಗೆ,

ಹೇಗಿದ್ದೀಯಪ್ಪಾ? ಮೊಣಕಾಲು ನೋವು ತಗ್ಗಿತೇ? ನಿನ್ನ ಚರ್ಚಿನ ಸಭೆಯ ಕಾರ್ಯದರ್ಶಿ ತ್ಯಾಗರಾಜನಿಗೆ ಬೆನ್ನು ಹಿಡಿದಿತ್ತಲ್ಲ, ಈಗ ನೆಟ್ಟಗೆ ನಿಲ್ಲುತ್ತಾನೋ? ಅವನ ಹೆಂಡತಿ ಎಸ್ತರ್ ಹೇಗಿದ್ದಾಳೆ, ಕೂಸು ರಾತ್ರಿ ಮಲಗಗೊಡುತ್ತದೆಯೇ? ಜಾರ್ಜಿಯಾದ ನಾರ್‌ಕ್ರಾಸಿನಲ್ಲಿ ದಿನಸಿ ಅಂಗಡಿ ಇಟ್ಟುಕೊಂಡಿರುವ ಕೇಶವಮೂರ್ತಿಯ ಸಕ್ಕರೆ ಕಾಯಿಲೆ ಹತೋಟಿಯಲ್ಲಿದೆಯೇ? ಇಲ್ಲಿ ಮಗಳು ಕೃಪಾ ಆಸ್ಪತ್ರೆಯ ಪಾಳಿ, ಅಳಿಯ ಸುಧೀರ ತನ್ನ ಕೆಲಸ ಅಂತ ಓಡಾಡಿಕೊಂಡು ಚೆನ್ನಾಗಿದ್ದಾರೆ. ಮೊಮ್ಮಗಳು ನಮ್ರತಾ ನನಗಿಂತ ಒಂದು ಗೇಣು ಎತ್ತರವಾಗಿದ್ದಾಳೆ. ನಾನು ಎಪ್ಪತ್ತೆರಡಕ್ಕೆ ಎಷ್ಟು ಚೆನ್ನಾಗಿರಬಹುದೋ ಅಷ್ಟು ಚೆನ್ನಾಗಿದ್ದೇನೆ.

'ಫೋನ್ ಮಾಡವ್ವಾ, ಒಂದು ನಿಮಿಷದ ಮಾತು' ಎಂದು ಕೃಪಾ ಅನ್ನುತ್ತಾಳೆ. ನಿನ್ನ ಫೋನಿರುವುದು ಸಭೆಯ ಆಫೀಸಿನಲ್ಲಿ, ನಮ್ಮದು ಅಡುಗೆಮನೆಯ ಗೋಡೆಗೆ. ಎರಡೂ ಕಡೆ ಕಿವಿಗಳೇ. ಅಲ್ಲದೆ ಶಾಲೆಯ ಮೆಟ್ಟಿಲು ಹತ್ತದ ನಾನು ಅಕ್ಷರ ಕಲಿತದ್ದೇ ನೀನು ಪಾದ್ರಿಯಾಗಲು ಓದುತ್ತಿದ್ದ ಸೆಮಿನರಿಯಿಂದ ಬರೆಯುತ್ತಿದ್ದ ಪತ್ರಗಳನ್ನು ಬೇರೆಯವರ ಕೈಯಲ್ಲಿ ಓದಿಸಬಾರದು ಅಂತ. ಕಷ್ಟಪಟ್ಟು ಕಲಿತದ್ದನ್ನು ಸುಮ್ಮನೆ ಬಿಡುವುದು ಹೇಗೆ?

ಆಗಸ್ಟಿನಲ್ಲಿ ನೀನು ಇಲ್ಲಿ ನಡೆಸಿಕೊಟ್ಟ ಆರಾಧನೆಯ ಮಾತು ಇನ್ನೂ ನಿಂತಿಲ್ಲ. ಪ್ರಾರ್ಥನಾ ಪುಸ್ತಕ ಮುಂದೆ ತೆರೆದಿದ್ದರೂ ಒಂದು ಸಲವೂ ಕೆಳಗೆ ನೋಡಲಿಲ್ಲವಂತೆ. 'ನಮ್ಮ ಬಿಷಪ್ಪರು ಪುಸ್ತಕ ನೋಡಿ ಓದೂದಿಲ್ಲರೀ, ದೇವರನ್ನ ನೋಡಿ ಓದ್ತಾರ' ಅಂತ ಗುಲಬರ್ಗಾ ಕಡೆಯ ಇಂಜಿನಿಯರ್ ಶಿವಶರಣಪ್ಪ ಎಲ್ಲರ ಮುಂದೆ ಹೇಳಿಕೊಂಡು ತಿರುಗುತ್ತಿದ್ದಾನೆ. ಅವನು ನಮ್ಮ ಸಭೆಯವನೂ ಅಲ್ಲ, ಊಟಕ್ಕೆ ಬಂದವನು! ಇಲ್ಲಿನವರ ಒಂದು ಕೂಸನ್ನು ಆಶೀರ್ವದಿಸುವಾಗ ನಿನ್ನ ಕೈ ಗಾಳಿಯಲ್ಲಿ ಒಂದು ಗಳಿಗೆ ನಿಂತು, ಆಮೇಲೆ ತಲೆಯ ಮೇಲೆ ಇಳಿಯಿತು. ಹೆಂಗಸರು ಕಣ್ಣೊರೆಸಿಕೊಂಡರು. ನಾನೂ.

ಊಟದ ಹೊತ್ತಿನಲ್ಲಿ ನೀನು ಚಟ್ನಿಯ ಬಟ್ಟಲನ್ನು ಮೊಣಕೈಯಿಂದ ಉರುಳಿಸಿದ್ದಕ್ಕೆ ಮಾತ್ರ ನನಗೆ ನಗು ಬಂದಿತ್ತು. ಬಿಷಪ್ಪನಾದರೂ ಊಟಕ್ಕೆ ಕೂತರೆ ಹುಡುಗನೇ.

ಒಂದು ಕೇಳಿಕೆ. ನಮ್ರತಾಳಿಗೆ ಹದಿನೈದಾಯಿತು. ತಲೆಯ ಮೇಲೆ ಕೈಯಿಟ್ಟು ಸಭೆಗೆ ಸೇರಿಸಿಕೊಳ್ಳುವ ಅವಳ ದೃಢೀಕರಣ ನಿನ್ನ ಕೈಯಿಂದಲೇ ಆಗಬೇಕು. ಯಾವಾಗ, ಎಲ್ಲಿ ಎಂದು ತಿಳಿಸು.

ಈ ಸಲದ ನಿನ್ನ ಪತ್ರದಲ್ಲಿ ಸಾಲುಗಳು ಮೇಲಕ್ಕೆ ಏರಿ ಒಂದರ ಮೇಲೊಂದು ಕೂತಿದ್ದವು. ಕಾರಿನಲ್ಲಿ ಕೂತು ಬರೆದೆಯೇನೋ.

ಪತ್ರ ಬರೆ.
ನಿನ್ನ ಅಕ್ಕ,
ಶಾಂತವ್ವ


ಡರ್ಹಮ್, ನಾರ್ತ್ ಕ್ಯಾರೊಲಿನಾ
ಅಕ್ಟೋಬರ್ 3, 1996

ಪ್ರೀತಿಯ ಅಕ್ಕಾ,

ನಿನ್ನ ಪತ್ರ ಕೈಗೆ ಬಂದಾಗ ನಾನು ಇಲ್ಲಿನ ಅಮೆರಿಕನ್ ಚರ್ಚಿನ ನೆಲಮಾಳಿಗೆಯಲ್ಲಿ ಕುರ್ಚಿ ಹೊಂದಿಸುತ್ತಿದ್ದೆ. ಭಾನುವಾರ ಮಧ್ಯಾಹ್ನ ಎರಡರಿಂದ ನಾಲ್ಕು ಅದು ನಮ್ಮದು. ಸಾರಿನ ವಾಸನೆ ಮೇಲಿನವರೆಗೂ ಹೋಗುತ್ತದೆಂದು ಒಮ್ಮೆ ದೂರು ಬಂದಿತ್ತು. ಈಗ ಮೇಲಿನವರೇ ತಟ್ಟೆ ಹಿಡಿದುಕೊಂಡು ಕೆಳಗೆ ಬರುತ್ತಾರೆ. ಹೋದ ವಾರ ಒಬ್ಬ ಅಜ್ಜಿ, 'ನಿಮ್ಮನ್ನು ಯಾವ ಮಿಶನರಿ ಕ್ರೈಸ್ತರನ್ನಾಗಿ ಮಾಡಿದರು?' ಎಂದು ಕೇಳಿದಳು. 'ಅದು ಗೊತ್ತಿಲ್ಲ ಅಮ್ಮಾ, ಆದರೆ ನಮ್ಮ ಅವ್ವ ಇಬ್ಬರು ಮಿಶನರಿಗಳನ್ನು ಜೋಳದ ರೊಟ್ಟಿಗೆ ಮತಾಂತರ ಮಾಡಿದಳು' ಎಂದೆ. ಬಹಳ ಹೊತ್ತು ನಕ್ಕಳು. ಬಿಳಿಯರು ಬೆಟಗೇರಿಗೆ ಬಂದು ನಮಗೆ ಸುವಾರ್ತೆ ಹೇಳಿದ ಕಾಲ ಹೋಗಿ, ಬೆಟಗೇರಿಯ ಬಂಡಿ ಹೊಡೆಯುವವನ ಮಗ ಇವರ ದೇಶಕ್ಕೆ ಮಿಶನರಿ ಬಿಷಪ್ಪನಾಗಿ ಬಂದಿದ್ದಾನೆ. ದೇವರಿಗೂ ತಮಾಷೆ ಗೊತ್ತು.

ತಿಂಗಳಿಗೆರಡು ಸಲ ನಾರ್‌ಕ್ರಾಸಿಗೆ ಹೋಗುವುದು ತಪ್ಪಿಸಿಲ್ಲ. ಆರು ತಾಸಿನ ದಾರಿ. ಅಲ್ಲಿ ಹನ್ನೊಂದು ಮನೆ. ಕೇಶವಮೂರ್ತಿ ಹಿಂದೂ, ಆದರೆ ಅವನ ಅಂಗಡಿಯ ಹಿಂದಿನ ಹಾಲೇ ನಮ್ಮ ದೇವಾಲಯ. ನನ್ನನ್ನು ಕಂಡರೆ ಕೆಣಕದೆ ಬಿಡುವುದಿಲ್ಲ. 'ಬಿಷಪ್ ಅಂಕಲ್, ಹನ್ನೊಂದ್ ಮನೆಗೋಸ್ಕರ ಸಿಕ್ಸ್ ಅವರ್ಸ್ ಡ್ರೈವ್ ಮಾಡ್ತೀರಾ? ನಮ್ ಪುರೋಹಿತ್ರು ಹೈವೇ ಆಚೆ ಇದ್ದಾರೆ, ಗೃಹಪ್ರವೇಶಕ್ಕೆ ಕರೆದ್ರೆ ಟ್ರಾಫಿಕ್ ಅಂತಾರೆ!' ಎಂದು ಕರಿಬೇವಿನ ಕಟ್ಟು ಕೈಗೆ ತುರುಕುತ್ತಾನೆ.

ನಮ್ರತಾಳ ವಿಷಯ. ಡಿಸೆಂಬರ್ ಒಂದು, ಕ್ರಿಸ್ಮಸ್ಸಿಗೆ ಮುಂಚಿನ ಆಗಮನ ಕಾಲದ ಮೊದಲ ಭಾನುವಾರ, ನಾರ್‌ಕ್ರಾಸಿನಲ್ಲಿ ದೃಢೀಕರಣ ಇಟ್ಟಿದ್ದೇನೆ. ಇಲ್ಲಿಂದ ಮೂವರು ಮಕ್ಕಳನ್ನು ಸಭೆಯ ವ್ಯಾನಿನಲ್ಲಿ ಕರೆದೊಯ್ಯುತ್ತೇನೆ. ನಮ್ರತಾ ನಾಲ್ಕನೆಯವಳಾಗಲಿ. ಪಾಠಕ್ಕೆಂದು ಈ ತಿಂಗಳ ಉದ್ದ ವಾರಾಂತ್ಯಕ್ಕೆ ಅವಳನ್ನು ರೈಲಿನಲ್ಲಿ ಕಳಿಸು.

ಸಾಲು ಮೇಲಕ್ಕೇರಿದ್ದು ಹೊಸ ಪೆನ್ನಿನ ತಪ್ಪು.

ನಿನ್ನ ತಮ್ಮ,
ಇಮ್ಮಾನುವೇಲ


ಸಿಲ್ವರ್ ಸ್ಪ್ರಿಂಗ್
ಅಕ್ಟೋಬರ್ 17, 1996

ಇಮ್ಮಾನುವೇಲಾ,

ನಮ್ರತಾ ಸೋಮವಾರ ಸುರಕ್ಷಿತವಾಗಿ ಬಂದಳು. ನೀನು ಕಳಿಸಿದ ಕರಿಬೇವೂ ಬಂತು. ತ್ಯಾಗರಾಜನ ಕೂಸಿನ ಫೋಟೋ ತೋರಿಸಿದಳು, ಕೂಸಿಗೆ ಅಪ್ಪನದೇ ಹಣೆ.

ಆ ಹುಡುಗಿ ಬಾಯಿ ಮುಚ್ಚದೆ ಹೇಳಿದ್ದನ್ನೆಲ್ಲ ಕೇಳಿದೆ. ಕೇಳಿದ ಮೇಲೆ ಮೂರು ದಿನ ಈ ಪತ್ರ ಶುರು ಮಾಡಿ ಹರಿದೆ.

'ಅಜ್ಜಿ, ಅಜ್ಜನ ಕಾರಲ್ಲಿ ತುಂಬಾ ಫನ್. ನಾವು ಗೇಮ್ ಆಡ್ತೀವಿ' ಅಂದಳು.

'ಏನ್ ಆಟ?' ಅಂದೆ.

'ನಾನು ಎಲ್ಲಾ ಬೋರ್ಡ್ ಓದಬೇಕು. ಜೋರಾಗಿ. ಎಕ್ಸಿಟ್ ನಂಬರ್, ಸ್ಪೀಡ್, ಎವ್ರಿಥಿಂಗ್. ಲೈಟ್ ರೆಡ್ಡಾ ಗ್ರೀನಾ ಅಂತ ಕೂಡ ಹೇಳಬೇಕು. ನಾನು ಡ್ರೈವಿಂಗ್ ಕಲೀತೀನಲ್ಲ, ಪ್ರಾಕ್ಟೀಸ್ ಅಂತಾರೆ ಅಜ್ಜ.'

'ಹೇಳದೆ ಇದ್ದರೆ?'

'ಒಂದ್ಸಲ ಹೇಳಿಲ್ಲ. ಹಾಡು ಕೇಳ್ತಾ ಇದ್ದೆ. ಅಜ್ಜ ಸ್ಟಾಪ್ ಮಾಡ್ಲಿಲ್ಲ. ದೊಡ್ಡ ಟ್ರಕ್ ಹಾರ್ನ್ ಮಾಡಿತು. ಅಜ್ಜ ಸಾರಿ ಅಂದ್ರು, ಆಮೇಲೆ ಐಸ್‌ಕ್ರೀಮ್ ಕೊಡಿಸಿದ್ರು. ಮಮ್ಮಿಗೆ ಹೇಳಬೇಡ, ಓಕೆ?'

ಇಮ್ಮಾನುವೇಲಾ, ನಾನು ಶಾಲೆ ಕಾಣದವಳು, ಆದರೆ ಬಂಡಿ ಹೊಡೆಯುವವನ ಹಿರಿಮಗಳು. ಅಪ್ಪನ ಕಣ್ಣು ಹೇಗೆ ಹೋಯಿತೆಂದು ನಮ್ಮಿಬ್ಬರಿಗೂ ಗೊತ್ತು. ಮೊದಲು ಬದಿಯ ನೋಟ ಹೋಯಿತು. ತಂಬಿಗೆ ಒದೆಯುತ್ತಿದ್ದ, ಬಾಗಿಲ ಚೌಕಟ್ಟಿಗೆ ಭುಜ ಬಡಿಯುತ್ತಿದ್ದ, ಎದುರಿಗೆ ನಿಂತವರ ಮುಖ ಮಾತ್ರ ಕಾಣುತ್ತಿತ್ತು. ಮಿಶನ್ ಕಂಪೌಂಡಿನ ಕೆಲಸ ಹೋದೀತೆಂದು ಯಾರಿಗೂ ಹೇಳಲಿಲ್ಲ. ಮನೆಯಲ್ಲಿ ನಾವೂ ಉಸಿರೆತ್ತಲಿಲ್ಲ.

ಗಾಳಿಯಲ್ಲಿ ನಿಂತ ಆ ಕೈ ಪ್ರಾರ್ಥಿಸುತ್ತಿತ್ತು ಎಂದುಕೊಂಡಿದ್ದೆ. ಅದು ಕೂಸಿನ ತಲೆಯನ್ನು ಹುಡುಕುತ್ತಿತ್ತೇ? ನೀನು ಪುಸ್ತಕ ನೋಡದೆ ಓದಿದ್ದು ಭಕ್ತಿಯಿಂದಲೇ? ನಲವತ್ತು ವರ್ಷ ಹೇಳಿದ ಆರಾಧನೆ ನಿನಗೆ ಬಾಯಿಪಾಠ. ನೀನು ಕಣ್ಣು ಕಟ್ಟಿಕೊಂಡು ನಿಂತರೂ ನಮ್ಮ ಜನಕ್ಕೆ ತಿಳಿಯುವುದಿಲ್ಲ. ಇನ್ನಷ್ಟು ಭಕ್ತಿಯಿಂದ ಕಣ್ಣೊರೆಸಿಕೊಳ್ಳುತ್ತಾರೆ.

ಕೃಪಾಳಿಗೆ ಇನ್ನೂ ಹೇಳಿಲ್ಲ. ನಿನ್ನ ಉತ್ತರ ಬರಲಿ ಎಂದು ಕಾಯುತ್ತಿದ್ದೇನೆ. ನಿನ್ನ ಕಣ್ಣು ಹೇಗಿದೆ? ಬೇರೆ ಏನನ್ನೂ ಬರೆಯಬೇಡ. ಇಷ್ಟಕ್ಕೆ ಮಾತ್ರ ಉತ್ತರ ಬರೆ.

ಶಾಂತವ್ವ


ಡರ್ಹಮ್
ನವೆಂಬರ್ 8, 1996

ಪ್ರೀತಿಯ ಅಕ್ಕಾ,

ತಡವಾಯಿತು. ಕೆಲಸ ಬಹಳ. ಎರಡು ದೀಕ್ಷಾಸ್ನಾನ, ಒಂದು ಮದುವೆ. ಮೈಸೂರಿನ ಇಬ್ಬರು ಹುಡುಗರು ವೀಸಾದ ಚಿಂತೆಯಲ್ಲಿ ಪ್ರಾರ್ಥನೆಗೆಂದು ಬಂದು ಅನ್ನ ಸಾರು ಮುಗಿಸಿ ಹೋದರು. ಎಲೆಗಳೆಲ್ಲ ಉದುರಿದವು. ನೀನು ಹೇಳಿದ ಕಷಾಯ ಕುಡಿಯುತ್ತಿದ್ದೇನೆ, ಮೊಣಕಾಲು ವಾಸಿ.

ಇಷ್ಟು ಬರೆದು ನಾಲ್ಕು ದಿನ ಬಿಟ್ಟಿದ್ದೆ. ನೀನು ಕೇಳಿದ್ದು ಒಂದೇ ಪ್ರಶ್ನೆ.

ಮಾರ್ಚಿನಲ್ಲಿ ಕಣ್ಣಿನ ವೈದ್ಯರು ನೋಡಿದರು. ಅಪ್ಪನಿಗಿದ್ದದ್ದೇ. ನಡುವೆ ಒಂದು ಕೊಳವೆಯಷ್ಟು ಕಾಣುತ್ತದೆ, ಸುತ್ತಲೂ ಬೂದಿ. ನಿನ್ನ ಪತ್ರವನ್ನು ಒಂದೊಂದೇ ಪದ ಹಿಡಿದು ಓದುತ್ತೇನೆ. ಹೋದದ್ದು ಮರಳುವುದಿಲ್ಲ, ಹನಿ ಹಾಕಿಕೊಂಡರೆ ಇರುವುದು ಸ್ವಲ್ಪ ದಿನ ಉಳಿದೀತು ಎಂದರು. ಡ್ರೈವ್ ಮಾಡಕೂಡದೆಂದೂ ಹೇಳಿದರು. ನಾನು ತಲೆಯಾಡಿಸಿ, ಅವರ ಅಂಗಳದಿಂದಲೇ ಕಾರು ಹತ್ತಿ ಬಂದೆ.

ಅಕ್ಕಾ, ಒಂದು ಮಾತು ಕೇಳು. ಡಿಸೆಂಬರ್ ಹತ್ತಕ್ಕೆ ಇಲ್ಲಿನ ಸಭೆಗಳ ಆಡಳಿತ ಮಂಡಳಿ ಸೇರುತ್ತದೆ. ಈ ಬಿಷಪ್ಪನ ಹುದ್ದೆ ಮುಂದುವರಿಯಬೇಕೋ ಬೇಡವೋ ಎಂಬುದು ಅವತ್ತು ತೀರ್ಮಾನ. ಮೂರು ಊರು ಸುತ್ತಲಾರದ ಬಿಷಪ್ಪ ಅವರಿಗೆ ಯಾಕೆ? ಮುಚ್ಚಿದರೆ ಮೊದಲು ಮುಚ್ಚುವುದು ನಾರ್‌ಕ್ರಾಸ್. ಅಲ್ಲಿನ ಮುದುಕಿಯರಿಗೆ ಇಂಗ್ಲಿಷ್ ಆರಾಧನೆ ತಿಳಿಯುವುದಿಲ್ಲ, ಕಾರು ನಡೆಸಲು ಬರುವುದಿಲ್ಲ. ತಿಂಗಳಿಗೆ ಎರಡು ಸಲ ಅವರು ತಮ್ಮ ಭಾಷೆಯಲ್ಲಿ 'ಆಮೆನ್' ಅನ್ನುತ್ತಾರೆ, ಅಷ್ಟೇ. ಬಿಷಪ್ಪ ಅಂದರೆ ಹೋಗುವವನು. ಕೂತಲ್ಲೇ ಕೂತವನು ಉಂಗುರ ಹಾಕಿಕೊಂಡ ಮುದುಕ.

ಆ ದಾರಿ ನನಗೆ ಆರಾಧನೆಯ ಹಾಗೆಯೇ ಬಾಯಿಪಾಠ. ಗ್ರೀನ್ಸ್‌ಬರೋ ದಾಟಿದರೆ ಎಡಕ್ಕೆ ಇಳಿಜಾರು, ಷಾರ್ಲಟ್ ಬಂದರೆ ಗದ್ದಲ, ಸೌತ್ ಕ್ಯಾರೊಲಿನಾದ ಗಡಿಯಲ್ಲಿ ರಸ್ತೆಯ ಸದ್ದೇ ಬದಲಾಗುತ್ತದೆ. ಅಪ್ಪನೂ ಹನ್ನೊಂದು ವರ್ಷ ಹಾಗೆಯೇ ಬಂಡಿ ಹೊಡೆದ. ಒಂದು ದಿನ ಎತ್ತು ಬೆದರಿ ಆ ನೇಕಾರರ ಮುದುಕಿಯ ಮೇಲೆ ಗಾಲಿ ಹೋದದ್ದು ಬಿಟ್ಟರೆ ಏನೂ ಆಗಲಿಲ್ಲ. ಎತ್ತಿನ ತಪ್ಪಿಗೆ ಅಪ್ಪ ಏನು ಮಾಡಿಯಾನು?

ಡಿಸೆಂಬರ್ ಹತ್ತರವರೆಗೆ ಬಾಯಿ ಬಿಡಬೇಡ. ಆಮೇಲೆ ಕೀ ತಂದು ನಿನ್ನ ಕೈಗೇ ಕೊಡುತ್ತೇನೆ. ನಿನ್ನನ್ನು ಬಿಟ್ಟು ಈ ಲೋಕದಲ್ಲಿ ಯಾರಿಗೂ ಇದು ಗೊತ್ತಿಲ್ಲ.

ಇಮ್ಮಾ


ಸಿಲ್ವರ್ ಸ್ಪ್ರಿಂಗ್
ನವೆಂಬರ್ 13, 1996

ಇಮ್ಮಾ,

ಎತ್ತು ಬೆದರಲಿಲ್ಲ.

ಅರವತ್ತು ವರ್ಷ ಇದನ್ನು ಯಾರಿಗೂ ಹೇಳಿರಲಿಲ್ಲ. ಅವ್ವನಿಗೂ ಇಲ್ಲ, ನನ್ನ ಗಂಡನಿಗೂ ಇಲ್ಲ. ನೀನು ಆಗ ಆರು ವರ್ಷದವನು, ಮನೆಯಲ್ಲಿದ್ದೆ. ನಾನು ಹನ್ನೆರಡರವಳು, ಬಂಡಿಯಲ್ಲಿ ಅಪ್ಪನ ಬೆನ್ನಿಗೆ ಆತು ಕೂತಿದ್ದೆ. ಹಿಂದೆ ಪಾದ್ರಿಸಾಹೇಬರು ಕೊಡೆ ಹಿಡಿದು ಕೂತಿದ್ದರು. ನೇಕಾರರ ಓಣಿಯ ತಿರುವಿನಲ್ಲಿ ಆ ಮುದುಕಿ ನೂಲು ಹಾಸುತ್ತಾ ಬಗ್ಗಿದ್ದಳು. ನನಗೆ ದೂರದಿಂದಲೇ ಕಂಡಳು. ಅಪ್ಪನಿಗೆ ಕಾಣಲಿಲ್ಲ, ಹಗ್ಗ ಜಗ್ಗಲಿಲ್ಲ. ನನಗೆ ಕೂಗುವಷ್ಟು ಹೊತ್ತಿತ್ತು. ಕೂಗಿದರೆ ಅಪ್ಪನಿಗೆ ಕಣ್ಣಿಲ್ಲವೆಂದು ಪಾದ್ರಿಗಳಿಗೆ ತಿಳಿದುಹೋಗುತ್ತಿತ್ತು. ನಾನು ಬಾಯಿಗೆ ಸೆರಗು ಹಿಡಿದೆ.

ಎತ್ತಿಗೆ ದಾರಿ ಗೊತ್ತಿತ್ತು ಕಣೋ. ದಾರಿಯಲ್ಲಿ ಬಗ್ಗಿದ ಮುದುಕಿ ಗೊತ್ತಿರಲಿಲ್ಲ.

ಅವಳು ಒಂಬತ್ತು ದಿನ ನರಳಿ ಸತ್ತಳು. 'ಎತ್ತು ಬೆದರಿತು' ಅಂತ ಅಪ್ಪ ಹೇಳಿದ, ಪಾದ್ರಿಗಳು ನಂಬಿದರು, ಆ ಬಡ ಎತ್ತನ್ನು ಸಂತೆಗೆ ಹೊಡೆದರು. ಅಪ್ಪ ಮುಂದೆಯೂ ಬಂಡಿ ಹೊಡೆದ. ನಾನು ಅವತ್ತಿನಿಂದ ಇವತ್ತಿನವರೆಗೆ ಯಾವ ಗಾಡಿಯಲ್ಲಿ ಕೂತರೂ ಮುಂದಿನ ರಸ್ತೆ ನೋಡುವುದಿಲ್ಲ. ಅಳಿಯ ಕೇಳುತ್ತಾನೆ, 'ಅತ್ತೀ, ಯಾಕ್ರೀ ಕಣ್ಣು ಮುಚ್ಚಿಕೊಂಡೀರಿ, ನನ್ನ ಡ್ರೈವಿಂಗ್ ಮ್ಯಾಲೆ ಅಷ್ಟೂ ನಂಬಿಕಿಲ್ಲೇನು?' ಅಂತ. ನಗುತ್ತೇನೆ.

ನಿನಗೆ ದಾರಿ ಬಾಯಿಪಾಠವಿರಬಹುದು. ಅದರ ಮೇಲೆ ಅವತ್ತು ಯಾರು ಬರುತ್ತಾರೆಂಬುದು ಯಾರಿಗೂ ಬಾಯಿಪಾಠವಿರುವುದಿಲ್ಲ. ನಾಲ್ಕು ಮಕ್ಕಳನ್ನು ವ್ಯಾನಿನಲ್ಲಿ ಕೂರಿಸಿ, ಅವರ ಕಣ್ಣು ಸಾಲ ತೆಗೆದುಕೊಂಡು ನಡೆಸುತ್ತೀಯಾ? ಅವರ ತಲೆಯ ಮೇಲೆ ಇಡುವ ಕೈಯಿಂದಲೇ?

ತ್ಯಾಗರಾಜನಿಗೆ ನೀನೇ ಹೇಳು. ಇಪ್ಪತ್ತೆರಡನೆಯ ತಾರೀಖಿನೊಳಗೆ ಹೇಳು. ಇಲ್ಲದಿದ್ದರೆ ನಾನು ಹೇಳುತ್ತೇನೆ, ಆಮೇಲೆ ನೀನು ನನ್ನ ಮುಖ ನೋಡದಿದ್ದರೂ ಸರಿ.

ಊಟ ಸರಿಯಾಗಿ ಮಾಡು. ಹನಿ ಹಾಕಿಕೊಳ್ಳುವುದನ್ನು ಬಿಡಬೇಡ.

ಶಾಂತವ್ವ


ಡರ್ಹಮ್
ನವೆಂಬರ್ 19, 1996

ಮಾನ್ಯ ಶಾಂತವ್ವನವರಿಗೆ,

ತಮ್ಮ ಪತ್ರ ತಲುಪಿತು. ತ್ಯಾಗರಾಜ ಅವರಿಗೆ ವಿಷಯ ತಿಳಿಸಿದ್ದೇನೆ. ಮೂವತ್ತರ ಶನಿವಾರ ವ್ಯಾನನ್ನು ಅವರೇ ನಡೆಸುವರು. ಮಕ್ಕಳ ಬಗ್ಗೆ ತಾವು ಚಿಂತಿಸುವ ಅಗತ್ಯವಿಲ್ಲ. ನಮ್ರತಾಳನ್ನು ಇಪ್ಪತ್ತೇಳರ ರೈಲಿಗೆ ಕಳಿಸಬಹುದು. ಬಿಳಿ ಉಡುಪು ತರಲಿ.

ತೀರಿಕೊಂಡ ತಂದೆಯವರ ಬಗ್ಗೆ ಬರೆದ ಮಾತುಗಳು ನನಗೆ ಬೇಕಿರಲಿಲ್ಲ.

ಬಿಷಪ್ ಇಮ್ಮಾನುವೇಲ


ಸಿಲ್ವರ್ ಸ್ಪ್ರಿಂಗ್
ನವೆಂಬರ್ 24, 1996

ನನ್ನ ಇಮ್ಮಾ,

ಈ ಪತ್ರ ತಲುಪುವ ಮುಂಚೆಯೇ ನಿನಗೆ ಎಲ್ಲ ಗೊತ್ತಾಗಿರುತ್ತದೆ. ಆದರೂ ನನ್ನ ಕೈಯಿಂದ ಬರೆಯಬೇಕು.

'ಮಾನ್ಯ' ಎಂದು ಬರೆದಿದ್ದಕ್ಕೆ ಒಂದು ದಿನ ಅತ್ತೆ. ಮರುದಿನ, ಸಿಟ್ಟಿನಲ್ಲಾದರೂ ಅಕ್ಕನ ಮಾತು ನಡೆಸಿದನಲ್ಲ ಎಂದು ಸಮಾಧಾನವಾಯಿತು. ನೀನು ಹೇಳಿದ್ದೇ ನಿಜವೆಂದು ನಂಬಿದೆ. ಅದೇ ನಾನು ಮಾಡಿದ ತಪ್ಪು. ಬೆನ್ನು ನೋವಿನ ಮನುಷ್ಯ, ಎಳೆಗೂಸಿನ ತಂದೆ, ಈ ದೇಶದವರ ನವೆಂಬರ್ ಹಬ್ಬದ ರಜೆಯಲ್ಲಿ ಆರು ತಾಸು ವ್ಯಾನು ನಡೆಸುವವನಿಗೆ ಒಂದು ಉಪಕಾರದ ಮಾತು ಹೇಳದೆ ಇರುವುದು ಹೇಗೆ? ಇವತ್ತು ಚರ್ಚಿನಿಂದ ಬಂದವಳೇ ತ್ಯಾಗರಾಜನ ಮನೆಗೆ ಫೋನ್ ಮಾಡಿದೆ.

'ತ್ಯಾಗರಾಜಪ್ಪಾ, ನೀವು ವ್ಯಾನ್ ನಡಸ್ತೀರಂತ, ದೇವರು ನಿಮ್ಮನ್ನ ಚಲೋ ಇಟ್ಟಿರಲಿ. ನನ್ನ ತಮ್ಮನ ಕಣ್ಣಿನ ವಿಷಯ ತಿಳಿದ ಮ್ಯಾಲೆ ನನಗ ನಿದ್ದಿ ಇರಲಿಲ್ಲ' ಅಂದೆ.

'ಆಂಟಿ, ಯಾವ ವ್ಯಾನ್? ಬಿಷಪ್ ಕಣ್ಣಿಗೆ ಏನಾಗಿದೆ?' ಅಂದ.

ಫೋನ್ ಇಟ್ಟುಬಿಡಬಹುದಿತ್ತು. 'ಏನಿಲ್ಲ, ಮುದುಕಿಯ ಮರೆವು' ಅನ್ನಬಹುದಿತ್ತು. ನಾನು ಇಡಲಿಲ್ಲ. ಬದಿಯ ಬೂದಿ, ವೈದ್ಯರು ಹೇಳಿದ್ದು, ಬೋರ್ಡ್ ಓದುವ ಆಟ, ಎಲ್ಲವನ್ನೂ ಹೇಳಿದೆ. ಕೃಪಾ ಅಡುಗೆಮನೆಯ ಬಾಗಿಲಲ್ಲೇ ನಿಂತು ಕೇಳಿಸಿಕೊಂಡಳು. 'ನನ್ನ ಮಗಳು ಆ ಕಾರಿನ್ಯಾಗ ಕೂತಿದ್ದಳು, ನಿನಗ ತಿಂಗಳಿಂದ ಗೊತ್ತಿತ್ತು' ಅಂದದ್ದು ಒಂದೇ ಮಾತು. ಅವಳು ಅಂದದ್ದರಲ್ಲಿ ಸುಳ್ಳಿಲ್ಲ.

ಸಂಜೆಗೆ ತ್ಯಾಗರಾಜ ತಿರುಗಿ ಫೋನ್ ಮಾಡಿದ. ವ್ಯಾನಿನ ಕೀ ತೆಗೆದಿಟ್ಟುಕೊಂಡನಂತೆ. ಮಕ್ಕಳ ದೃಢೀಕರಣ ಮುಂದಕ್ಕೆ ಹಾಕಿ, ಮನೆಮನೆಗೆ ತಿಳಿಸಿದನಂತೆ.

'ಅವನ ಸ್ವಂತ ಕಾರಿನ ಕೀ?' ಎಂದೆ.

'ಅದನ್ನ ಹೇಗೆ ಕೇಳ್ಲಿ ಆಂಟಿ? ಅದೇ ಕೈಯಿಂದ ನನ್ ಮಗೂಗೆ ದೀಕ್ಷಾಸ್ನಾನ ಆಗಿದೆ. ಆ ಕೈ ಮುಂದೆ ನಾನು ಕೈ ಚಾಚಿ, ಕೊಡಿ ಅನ್ನೋದಾ? ಅವರಾಗೇ ಅರ್ಥ ಮಾಡ್ಕೋತಾರೆ' ಅಂದ.

ನಮ್ಮ ಜನ ಹೀಗೆಯೇ. ಇಮ್ಮಾ, ನಾನು ಕೈ ಚಾಚಿ ಕೇಳುತ್ತೇನೆ. ಆ ಕೀಯನ್ನು ತ್ಯಾಗರಾಜನ ಮೇಜಿನ ಮೇಲೆ ಇಟ್ಟುಬಿಡು. ಕೃಪಾಳ ಸಿಟ್ಟಿಳಿದರೆ ಹಬ್ಬ ಮುಗಿದ ಮೇಲೆ ನಾವೇ ಬಂದು ನಿನ್ನನ್ನು ಇಲ್ಲಿಗೆ ಕರೆತರುತ್ತೇವೆ. ಕೆಳಗಿನ ಕೋಣೆ ಖಾಲಿ ಇದೆ, ಬಾಗಿಲು ಅಗಲವಾಗಿದೆ.

ನಿನ್ನ ಅಕ್ಕ


ಡರ್ಹಮ್
ನವೆಂಬರ್ 27, 1996

ಅಕ್ಕಾ,

ಅಂದು ನೀನು ಕೂಗಲಿಲ್ಲ, ಈ ಸಲ ಕೂಗಿದೆ. ಮಕ್ಕಳ ಮಟ್ಟಿಗೆ ನೀನು ಮಾಡಿದ್ದೇ ಸರಿ. ಅದನ್ನು ಒಪ್ಪಲು ನನಗೆ ಮೂರು ದಿನ ಬೇಕಾಯಿತು. ಕೃಪಾಳ ಕ್ಷಮೆ ಕೇಳಿದೆನೆಂದು ಹೇಳು. ಸಿಟ್ಟು ಇಲ್ಲವೆಂದರೆ ಸುಳ್ಳಾದೀತು, ಇನ್ನು ಸುಳ್ಳು ಸಾಕು.

ಮಂಡಳಿಯವರಿಗೆ ವಿಷಯ ಹೋಗಿದೆ. ಹತ್ತರವರೆಗೂ ಕಾಯಲಿಲ್ಲ. ನಾರ್‌ಕ್ರಾಸನ್ನು ಈ ವರ್ಷದ ಕೊನೆಗೆ ನಿಲ್ಲಿಸುತ್ತಾರೆ. ನಿಲ್ಲುತ್ತದೆಂದು ಅಲ್ಲಿಯವರಿಗೆ ಪತ್ರದಲ್ಲಿ ತಿಳಿಸುವಂತೆ ಹೇಳಿದರು. ಐದು ವರ್ಷ ನನಗಾಗಿ ಕುರ್ಚಿ ಹಾಕಿದವರಿಗೆ ಪತ್ರವೇ? ಒಮ್ಮೆ ಎದುರಿಗೆ ನಿಂತು ರೊಟ್ಟಿ, ದ್ರಾಕ್ಷಾರಸದ ಕರ್ತನ ಭೋಜನ ಕೊಟ್ಟು, ನನ್ನ ಬಾಯಿಂದಲೇ ಹೇಳಿ ಬರುತ್ತೇನೆ. ಕೇಶವಮೂರ್ತಿಗೆ ಹೇಳಿದ್ದೇನೆ, ಭಾನುವಾರ ಹತ್ತಕ್ಕೆ ಎಲ್ಲರನ್ನೂ ಕೂರಿಸಿರುತ್ತಾನೆ.

ಬಸ್ಸಿಗೆ ಹೋಗುತ್ತೇನೆ. ಚಿಂತೆ ಬೇಡ.

ಇಮ್ಮಾ


ಸಿಲ್ವರ್ ಸ್ಪ್ರಿಂಗ್
ಡಿಸೆಂಬರ್ 1, 1996, ಭಾನುವಾರ, ಮಧ್ಯಾಹ್ನ ಮೂರು ಗಂಟೆ

ಇಮ್ಮಾ,

ಈ ಪತ್ರಕ್ಕೆ ಕೇಶವಮೂರ್ತಿಯ ಅಂಗಡಿಯ ವಿಳಾಸ ಹಾಕುತ್ತಿದ್ದೇನೆ. ಡರ್ಹಮ್‌ಗೆ ಹಾಕಿ ಪ್ರಯೋಜನವಿಲ್ಲ, ನೀನು ಅಲ್ಲಿಲ್ಲ.

ನಿನ್ನ ಪತ್ರ ನಿನ್ನೆ ಬಂತು. 'ಬಸ್ಸು' ಎಂಬುದನ್ನು ಎರಡು ಸಲ ಓದಿ, ದೇವರಿಗೆ ಸ್ತೋತ್ರ ಹೇಳಿ, ಚಪಾತಿ ಲಟ್ಟಿಸಿದೆ. ಇವತ್ತು ಬೆಳಿಗ್ಗೆ ಎದ್ದಾಗ ಮನಸ್ಸು ತಡೆಯಲಿಲ್ಲ. ಸುಧೀರನಿಂದ ಬಸ್ಸಿನ ಕಂಪನಿಗೆ ಫೋನ್ ಮಾಡಿಸಿದೆ. ಡರ್ಹಮ್‌ನಿಂದ ಹೊರಟು ಭಾನುವಾರ ಹತ್ತರೊಳಗೆ ಅಲ್ಲಿ ಮುಟ್ಟಬೇಕಾದರೆ ಶನಿವಾರ ಮಧ್ಯಾಹ್ನದ ಬಸ್ಸನ್ನೇ ಹಿಡಿಯಬೇಕಂತೆ. ತ್ಯಾಗರಾಜನ ಮನೆಗೆ ಫೋನ್ ಮಾಡಿ ಕೇಳಿದರೆ, ನಿನ್ನೆ ಸಂಜೆಯ ಪ್ರಾರ್ಥನೆಯನ್ನು ನೀನೇ ನಡೆಸಿದೆ ಎಂದು ಎಸ್ತರ್ ಹೇಳಿದಳು.

ತ್ಯಾಗರಾಜ ಓಡಿಹೋಗಿ ನೋಡಿದ. ಅಂಗಳದಲ್ಲಿ ನಿನ್ನ ಕಾರಿಲ್ಲ. ನಿಲುವಂಗಿಯ ಪೆಟ್ಟಿಗೆ ಇಲ್ಲ. ಬೆಳಗಿನ ಜಾವ ನಾಲ್ಕಕ್ಕೆ ಕಾರು ಹೊರಟ ಸದ್ದನ್ನು ಪಕ್ಕದ ಮನೆಯವರು ಕೇಳಿದ್ದಾರೆ. ಅವನು ಫೋನಿನಲ್ಲೇ ಅಳುತ್ತಿದ್ದ. 'ಕೀ ಕೇಳಬೇಕಿತ್ತು ಆಂಟಿ, ನಾನು ಕೇಳಬೇಕಿತ್ತು' ಎಂದು ಅದನ್ನೇ ಹೇಳುತ್ತಾನೆ.

ಒಂದು ಗಂಟೆಗೆ ಕೇಶವಮೂರ್ತಿಯೊಂದಿಗೆ ಮಾತಾಡಿದೆ. 'ಆಂಟಿ, ಯಾರೂ ಎದ್ದಿಲ್ಲ. ಹತ್ತರಿಂದ ಕೂತಿದ್ದಾರೆ. ಎರಡ್ ಸಲ ಕಾಫಿ ಕೊಟ್ಟೆ. ಹಬ್ಬ ಮುಗಿಸಿ ಎಲ್ಲರೂ ವಾಪಸ್ ಹೋಗ್ತಿದಾರೆ, ಹೈವೇ ಜಾಮ್ ಇರುತ್ತೆ. ಅಂಕಲ್ ಬಂದ್ರೆ ಸರಿಯಾಗಿ ಬೈತೀನಿ ಬಿಡಿ' ಅಂದ. ಹಿಂದಿನಿಂದ ನಿನ್ನ ಮುದುಕಿಯರು ಕೀರ್ತನೆ ಹಾಡುವುದು ಕೇಳಿಸುತ್ತಿತ್ತು. ಮುಗಿದ ಕೀರ್ತನೆಯನ್ನೇ ಮತ್ತೆ ಮೊದಲಿಂದ ಹಾಡುತ್ತಿದ್ದರು.

ಕೃಪಾ ಗೋಡೆಗೆ ಒರಗಿ ಫೋನ್ ಹಿಡಿದೇ ನಿಂತಿದ್ದಾಳೆ. ಮೊದಲು ನಾರ್ತ್ ಕ್ಯಾರೊಲಿನಾದ ಹೈವೇ ಪೊಲೀಸರು, ಆಮೇಲೆ ಸೌತ್ ಕ್ಯಾರೊಲಿನಾದವರು, ಈಗ ಜಾರ್ಜಿಯಾದವರು. ಕಾರಿನ ಬಣ್ಣ ಕೇಳಿದರು. ಅವಳು ಬಿಳಿ ಅಂದಳು, ನಾನು ಬೂದಿ ಅಂದೆ. ನಮ್ರತಾ ಬಂದು ಸರಿಯಾದ ಬಣ್ಣ ಹೇಳಿ, ಕಾರಿನ ನಂಬರನ್ನೂ ಹೇಳಿ, ಮೇಲೆ ಹೋಗಿ ಬಾಗಿಲು ಹಾಕಿಕೊಂಡಳು. ಗ್ರೀನ್‌ವಿಲ್ ಹತ್ತಿರ, ನೀನು ಹೋಗುವ ದಾರಿಯಲ್ಲೇ, ಬೆಳಿಗ್ಗೆ ಮಂಜು ಇತ್ತಂತೆ, ಎಲ್ಲೋ ಒಂದು ಕಡೆ ಏನೋ ಆಗಿದೆಯಂತೆ, ಎಷ್ಟು ಗಾಡಿ ಎಂದು ಇನ್ನೂ ತಿಳಿದಿಲ್ಲವಂತೆ. ತಿಳಿದ ಮೇಲೆ ಹೇಳುತ್ತೇವೆ ಅಂದರು. ತಿಳಿದ ಮೇಲೆ ಎಂದರೆ ಎಷ್ಟು ಹೊತ್ತು ಎಂದು ನಾನು ಕೇಳಿದೆ. ಕೃಪಾ ಅದನ್ನು ಇಂಗ್ಲಿಷಿನಲ್ಲಿ ಹೇಳಲಿಲ್ಲ.

ನಾನು ಹೇಳಿದ್ದಕ್ಕೇ ಮಕ್ಕಳು ಇವತ್ತು ತಮ್ಮ ತಮ್ಮ ಮನೆಗಳಲ್ಲಿದ್ದಾರೆ. ನಾನು ಹೇಳಿದ್ದಕ್ಕೇ ಇವತ್ತು ಆ ಕಾರಿನಲ್ಲಿ ನಿನಗೆ ಬೋರ್ಡ್ ಓದಿ ಹೇಳುವವರು ಯಾರೂ ಇಲ್ಲ. ಇವೆರಡನ್ನೂ ಒಟ್ಟಿಗೆ ಹಿಡಿದುಕೊಂಡು ಮೇಜಿನ ಮುಂದೆ ಕೂತಿದ್ದೇನೆ. ಫೋನ್ ಕೃಪಾಳ ಕೈಯಲ್ಲಿದೆ, ನನ್ನ ಕೈಯಲ್ಲಿ ಪೆನ್ನು ಬಿಟ್ಟರೆ ಬೇರೇನೂ ಇಲ್ಲ.

ನೀನು ಎಲ್ಲೋ ದಾರಿ ತಪ್ಪಿ, ಯಾವುದೋ ಪೆಟ್ರೋಲ್ ಬಂಕಿನಲ್ಲಿ ಕಾರು ನಿಲ್ಲಿಸಿ, ಅಕ್ಕನಿಗೆ ಹೇಗೆ ಮುಖ ತೋರಿಸಲಿ ಎಂದು ಕೂತಿರಬಹುದು. ಹಾಗಿದ್ದರೆ ನಾಚಿಕೊಳ್ಳಬೇಡ. ನಾನು ಏನೂ ಅನ್ನುವುದಿಲ್ಲ. ಎರಡು ಸಾಲು ಸಾಕು. ಒಂದರ ಮೇಲೊಂದು ಬಿದ್ದರೂ ನಾನು ಬಿಡಿಸಿಕೊಂಡು ಓದುತ್ತೇನೆ. ಆಗದಿದ್ದರೆ ಪಕ್ಕದಲ್ಲಿದ್ದವರಿಂದ ಬರೆಸು, ಯಾವ ಭಾಷೆಯಲ್ಲಾದರೂ ಸರಿ. ನನ್ನನ್ನು ಬೈದೇ ಬರೆ, 'ಮಾನ್ಯ' ಎಂದೇ ಬರೆ.

ಬರೆ ಇಮ್ಮಾ. ಬೇಗ ಬರೆ.

ನಿನ್ನ ಅಕ್ಕ,
ಶಾಂತವ್ವ